ಬೀಜವಿಲ್ಲದ ಹುಣಸೆ

ಕೂಟಗಲ್ಲಿನ ನಮ್ಮ ಹೊಲದ ಬದುವಿನಲ್ಲಿ ಒಂದು ಹುಣಸೆಮರವಿತ್ತು. ರಸ್ತೆ ಅಗಲ ಮಾಡಿದ ವರ್ಷ ಅದು ಹೋಯಿತು. ಅಪ್ಪನ ಬಳಿ ಉಳಿದದ್ದು ಒಂದೇ ಫೋಟೊ. ಅದರಲ್ಲೂ ಅರ್ಧ ಮರ ಎತ್ತಿನಗಾಡಿಯ ಮರೆಗೆ ಸೇರಿದೆ. ಆಗ ನಾನು ಬೆಂಗಳೂರಿನಲ್ಲಿ ಸಿನಿಮಾಗಳಿಗೆ ಕಂಪ್ಯೂಟರ್ ಚಿತ್ರ ಮಾಡುವ ಕೆಲಸದಲ್ಲಿದ್ದೆ. "ಮರ ತಾನೆ, ಮಾಡಿಕೊಡ್ತೀನಿ ಬಿಡಪ್ಪ" ಎಂದು ಜಂಬ ಕೊಚ್ಚಿದೆ.

1973ರಲ್ಲಿ ‘ಶೋಲೆ’ಯವರು ನಮ್ಮ ರಾಮನಗರದ ಬಂಡೆಗಳನ್ನು ಹುಡುಕಿಕೊಂಡೇ ಬಂದಿದ್ದರು. ಬಂಡೆಯನ್ನೂ ಮರವನ್ನೂ ಯಂತ್ರದಲ್ಲಿ ಬೆಳೆಸಬಹುದೆಂಬ ಕಾಲ ಆಗಿನ್ನೂ ಬಂದಿರಲಿಲ್ಲ. ಆದರೆ ಅದರ ಬೇರು 1968ರಲ್ಲೇ ಇತ್ತು. ಹಂಗೇರಿಯಲ್ಲಿ ಹುಟ್ಟಿದ ಜೀವವಿಜ್ಞಾನಿ ಅರಿಸ್ಟಿಡ್ ಲಿಂಡನ್‌ಮೇಯರ್, ಪಾಚಿಯಂಥ ಜೀವಿಗಳ ಕೋಶ ಬೆಳೆಯುವುದನ್ನು ಅಕ್ಷರಗಳ ಆಟದಂತೆ ಬರೆದ. ‘ಅ’ ಇದ್ದಲ್ಲಿ ‘ಅಬ’ ಬರೆ, ‘ಬ’ ಇದ್ದಲ್ಲಿ ‘ಅ’ ಬರೆ. ಅಷ್ಟೇ. ಒಂದು ‘ಅ’ ಹಿಡಿದು ಹೊರಟರೆ ಅಕ್ಷರಗಳು 1, 2, 3, 5, 8 ಎಂದು ಏರುತ್ತವೆ.

ಸಿನಿಮಾದಲ್ಲಿ ಇಂಥ ಕಾಡು ಕಂಡದ್ದು 1984ರಲ್ಲಿ, ಲೂಕಾಸ್‌ಫಿಲ್ಮ್‌ನ ಕಂಪ್ಯೂಟರ್ ವಿಭಾಗದವರು ಮಾಡಿದ, ಎರಡು ನಿಮಿಷವೂ ಇಲ್ಲದ ‘ಆಂಡ್ರೆ ಅಂಡ್ ವಾಲಿ ಬಿ.’ ಚಿತ್ರದಲ್ಲಿ. ವಿಲಿಯಂ ರೀವ್ಸ್ ಹಿಡಿದ ದಾರಿಯೇ ಬೇರೆ. ಎತ್ತರ ಇಷ್ಟರಿಂದ ಇಷ್ಟು, ಕೊಂಬೆಯ ಓರೆ ಇಷ್ಟರಿಂದ ಇಷ್ಟು ಎಂದು ಮಿತಿ ಹಾಕಿ, ಉಳಿದದ್ದನ್ನು ದಾಳ ಉರುಳಿಸಿದಂತೆ ಯಂತ್ರಕ್ಕೆ ಬಿಟ್ಟ. ಎಲೆ ಎಲೆಯ ನೆರಳನ್ನೂ ಲೆಕ್ಕ ಹಾಕಲು ಆಗಿನ ಯಂತ್ರಕ್ಕೆ ತ್ರಾಣವೆಲ್ಲಿ? ಎಲೆ ಮರದೊಳಗೆ ಎಷ್ಟು ಆಳದಲ್ಲಿದೆ ನೋಡಿ, ಅಷ್ಟು ಕಪ್ಪು ಬಳಿದರು. ಕಣ್ಣು ನಂಬಿತು.

1995ರಲ್ಲಿ ವೆಬರ್ ಮತ್ತು ಪೆನ್, ಸಸ್ಯಶಾಸ್ತ್ರದ ಗೊಡವೆ ಬಿಟ್ಟು, ಮರ ಕಣ್ಣಿಗೆ ಕಾಣುವುದನ್ನೇ ಅಳತೆಗಳ ಪಟ್ಟಿ ಮಾಡಿದರು. ಆ ಪಟ್ಟಿಯ ಮೇಲೆ ಕಟ್ಟಿದ ‘ಆರ್ಬರೊ’ ಎಂಬ ಪುಕ್ಕಟೆ ತಂತ್ರಾಂಶ ನನ್ನ ಕೈಗೆ ಸಿಕ್ಕಿತು. ಅದರಲ್ಲಿ ಮರ ಹುಟ್ಟಿಸಲು ಕೊಡುವ ಸಂಖ್ಯೆಗೆ ‘ಬೀಜ’ವೆಂದೇ ಹೆಸರು. ಸಂಖ್ಯೆ ಬದಲಿಸಿದರೆ ಕೊಂಬೆಗಳು ಬದಲು. ರಾತ್ರಿಯೆಲ್ಲ ಬೀಜ ಹಾಕಿದ್ದೇ ಹಾಕಿದ್ದು.

ಅಪ್ಪ ಕನ್ನಡಕ ಏರಿಸಿ ನೋಡಿದ. "ಚೆನ್ನಾಗೈತೆ ಕಣ್ಲಾ. ಯಾರ್ ಮರ ಇದು?"

ಕರೆಂಟ್ ತಂತಿಗೆ ತಾಗುತ್ತದೆಂದು ಕಡಿದ ಕೊಂಬೆ ಎಲ್ಲಿ, ಮೇಕೆ ಕಟ್ಟಿ ಕಟ್ಟಿ ಸವೆದ ಬುಡ ಎಲ್ಲಿ ಎಂದು ಪರದೆಯ ಮೇಲೆ ಬೆರಳಿಟ್ಟು ಕೇಳಿದ. ವೆಬರ್, ಪೆನ್ನರ ಪಟ್ಟಿಯಲ್ಲಿ ಕೊಂಬೆ ಕತ್ತರಿಸುವುದಕ್ಕೂ ಅಳತೆಯಿದೆ. ಆದರೆ ಅದು ಸುತ್ತಲೂ ಒಂದೇ ಸಮ, ಕ್ಷೌರ ಮಾಡಿದಂತೆ. ತಂತಿಯ ಕಡೆಗೆ ಮಾತ್ರ ಬೋಳಾದ ಮರಕ್ಕೆ ಅಲ್ಲಿ ಜಾಗವಿಲ್ಲ.

ನಾನು ಅಚ್ಚು ಹಾಕಿಸಿಕೊಟ್ಟ ಚಿತ್ರ ಬೀರುವಿನಲ್ಲಿದೆ. ಗೋಡೆಯ ಮೇಲಿರುವುದು ಎತ್ತಿನಗಾಡಿಯ ಫೋಟೊ.