ಎಫೆಂದಿ

ಎಫೆಂದಿ: ತುರ್ಕಿ ಭಾಷೆಯ ಒಂದು ಗೌರವಸೂಚಕ ಪದ. ಒಡೆಯ, ಧಣಿ, ಯಜಮಾನ ಎಂಬುದು ಇದರ ಮೂಲಾರ್ಥ. ಹೆಸರು ಹೇಳಿ ಮುಗಿದ ಮೇಲೆ ಇದು ಬರುತ್ತದೆ: ಮೆಹ್ಮೆತ್ ಎಫೆಂದಿ, ಇಬ್ರಾಹಿಂ ಎಫೆಂದಿ. ನಮ್ಮಲ್ಲಿ ರಾಮರಾಯರು, ಭೀಮಣ್ಣ ಎನ್ನುವಾಗ ಮರ್ಯಾದೆ ಹೆಸರಿನ ಬಾಲಕ್ಕೆ ಅಂಟುವ ಹಾಗೆ. ಏಳು ನೂರು ವರ್ಷಗಳಿಗೂ ಮೀರಿದ ಬಳಕೆಯಲ್ಲಿ ಈ ಪದ ಸುಲ್ತಾನನಿಗೂ ಸಂದಿದೆ, ಖಾಜಿಗೂ ಸಂದಿದೆ. ಗುಮಾಸ್ತ, ಕಾಫಿಪುಡಿ ವ್ಯಾಪಾರಿ, ಅಪಾರ್ಟ್‌ಮೆಂಟಿನ ಕಾವಲುಗಾರ ಯಾರನ್ನೂ ಬಿಟ್ಟಿಲ್ಲ. 1934ರಲ್ಲಿ ಕಾನೂನು ಇದನ್ನು ರದ್ದು ಮಾಡಿತು. ಮಾತಿನಿಂದ ಮಾತ್ರ ಇದು ಕದಲಲಿಲ್ಲ.

ತುರ್ಕರ ಬಿರುದುಗಳಲ್ಲಿ ಬೇ, ಆಗಾ, ಖಾನ್ ಮುಂತಾದವು ಮಧ್ಯ ಏಷ್ಯಾದಿಂದ ಅವರ ಜೊತೆಗೇ ಕುದುರೆಯೇರಿ ಬಂದವು. ಎಫೆಂದಿ ಹಾಗೆ ಬಂದದ್ದಲ್ಲ. ಅದು ಅನತೋಲಿಯಕ್ಕೆ ಬಂದಿಳಿದ ಮೇಲೆ ನೆರೆಯ ಗ್ರೀಕರ ಬಾಯಿಂದ ಸಿಕ್ಕ ಮಾತು. ಹಳೆಯ ಗ್ರೀಕಿನ 'ಔಥೆಂತೆಸ್' ಎಂದರೆ ತನ್ನ ಕೈಯಾರೆ ಮಾಡುವವನು. ಅಥೆನ್ಸಿನ ದುರಂತ ನಾಟಕಗಳ ಕಾಲದಲ್ಲಿ ಅದಕ್ಕೆ ಕೊಲೆಗಾರ ಎಂಬ ಅರ್ಥವೂ ಇತ್ತು. ಮುಂದೆ ಆ ಕರಾಳ ಅರ್ಥ ಹಿಂದೆ ಸರಿದು, ಅಧಿಕಾರವುಳ್ಳವನು, ಒಡೆಯ ಎಂಬುದು ಉಳಿಯಿತು. ಬೈಜಾಂಟಿಯಮ್ಮಿನ ಆಡುಮಾತಿನಲ್ಲಿ ಒಡೆಯನನ್ನು ಕರೆಯುವಾಗ ಈ ಪದ 'ಅಫೆಂದಿ' ಎಂದು ಕೇಳಿಸುತ್ತಿತ್ತು. ತುರ್ಕರು ಎತ್ತಿಕೊಂಡದ್ದು ಆ ಸಂಬೋಧನೆಯ ರೂಪವನ್ನೇ. ಅಂದರೆ ಇದು ಪುಸ್ತಕದಿಂದ ಬಂದ ಪದವಲ್ಲ, ಸಂತೆಯಲ್ಲೋ ಹೊಲದ ಬದುವಿನಲ್ಲೋ ಕೂಗಿ ಕರೆದಾಗ ಕಿವಿಗೆ ಬಿದ್ದದ್ದು. ಇಂಗ್ಲಿಷಿನ ಅಥೆಂಟಿಕ್ ಎಂಬ ಪದವೂ ಇದೇ ಬೇರಿನದು. ಇಂದಿನ ಗ್ರೀಕರು ಅಂಗಡಿಯ ಧಣಿಯನ್ನು 'ಅಫೆಂದಿಕೊ' ಎನ್ನುವುದೂ ಇದರಿಂದಲೇ.

ಕನ್ನಡಿಗರಿಗೆ ಇಲ್ಲೊಂದು ಸ್ವಾರಸ್ಯವಿದೆ. ಔಥೆಂತೆಸ್‌ನ ಮೊದಲ ಭಾಗಕ್ಕೆ 'ತಾನು' ಎಂದರ್ಥ; ನಮ್ಮ ಸ್ವಾಮಿ ಹುಟ್ಟಿದ್ದೂ 'ಸ್ವ' ಎಂಬುದರಿಂದಲೇ. ಎರಡಕ್ಕೂ ನಂಟಿಲ್ಲ, ಆದರೆ ನಡೆದ ದಾರಿ ಒಂದೇ ಬಗೆಯದು. ಗರ್ಭಗುಡಿಯ ದೇವರೂ ಸ್ವಾಮಿ, ಮಠದ ಗುರುವೂ ಸ್ವಾಮಿ. ಬಸ್ಸಿನಲ್ಲಿ ಕಂಡಕ್ಟರು "ಸ್ವಾಮಿ, ಸ್ವಲ್ಪ ಒಳಗೆ ಹೋಗ್ರೀ" ಎಂದು ಗದರಿಸುವುದೂ ಅದೇ ಪದದಿಂದ. ಎಫೆಂದಿಯ ಕಥೆ ಅರ್ಥವಾಗಲು ಇಷ್ಟು ನೆನಪಿಟ್ಟುಕೊಂಡರೆ ಸಾಕು.

ಹದಿಮೂರು, ಹದಿನಾಲ್ಕನೆಯ ಶತಮಾನಗಳಲ್ಲೇ ಈ ಪದ ಅನತೋಲಿಯದ ಮುಸ್ಲಿಂ ಮನೆಗಳನ್ನು ಹೊಕ್ಕಿತ್ತು. ಕೊನ್ಯಾದ ಕವಿ, ಸೂಫಿ ಜಲಾಲುದ್ದೀನ್ ರೂಮಿಯ ಮನೆತನದ ಒಬ್ಬ ಹೆಣ್ಣುಮಗಳಿಗೆ 'ಎಫೆಂದಿಪೂಲೊ' ಎಂಬ ಅಡ್ಡಹೆಸರಿತ್ತು. ಒಡೆಯರ ಮಗಳು ಎಂದು ಅರ್ಥ. ಪದಕ್ಕೆ ಅಂಟಿದ ಬಾಲವೂ ಗ್ರೀಕಿನದೇ. 1453ರಲ್ಲಿ ಕಾನ್‌ಸ್ಟಾಂಟಿನೋಪಲ್ ಗೆದ್ದ ಎರಡನೆಯ ಮೆಹ್ಮೆತ್, ಗಲಾಟಾ ಪೇಟೆಯ ಜಿನೋವಾ ವರ್ತಕರಿಗೆ ಕೆಲವೇ ದಿನಗಳಲ್ಲಿ ಒಂದು ಅಭಯಪತ್ರ ಕೊಟ್ಟ. ಅದು ಗ್ರೀಕ್ ಭಾಷೆಯಲ್ಲಿದೆ. ಅದರಲ್ಲಿ ಸುಲ್ತಾನ ತನ್ನನ್ನು ಕರೆದುಕೊಂಡಿರುವುದು ಮಹಾ ಔಥೆಂತೆಸ್, ಮಹಾ ಅಮೀರ ಎಂದು. ಎಫೆಂದಿಯ ಏಣಿಯಲ್ಲಿ ಇದೇ ತುತ್ತತುದಿಯ ಮೆಟ್ಟಿಲು.

ಒಟ್ಟೊಮನ್ ಸಾಮ್ರಾಜ್ಯ ನೆಲೆಗೊಂಡ ಮೇಲೆ ಪದಗಳಿಗೆ ಅವುಗಳದೇ ಓಣಿಗಳಾದವು. ಪಾಶಾ, ಬೇ, ಆಗಾ ಹೆಚ್ಚಾಗಿ ಕತ್ತಿ ಹಿಡಿದವರ ಪಾಲಿಗೆ ಹೋದವು. ಎಫೆಂದಿ ಲೇಖನಿ ಹಿಡಿದವರದಾಯಿತು. ಓದುಬಲ್ಲವರಿಗೆ, ಸುಸಂಸ್ಕೃತರಿಗೆ ಹಿಂದೆ ಸಲ್ಲುತ್ತಿದ್ದ 'ಚೆಲೆಬಿ' ಎಂಬ ಬಿರುದಿನ ಜಾಗವನ್ನೂ ಅದು ನಿಧಾನವಾಗಿ ತುಂಬಿತು. 1545ರಿಂದ 1574ರವರೆಗೆ ಷೇಕ್‌ಉಲ್‌ಇಸ್ಲಾಂ, ಅಂದರೆ ಸಾಮ್ರಾಜ್ಯದ ಮುಖ್ಯ ಮುಫ್ತಿ, ಆಗಿದ್ದ ಮಹಾ ನ್ಯಾಯವೇತ್ತ ಎಬುಸ್ಸುಊದ್ ಎಫೆಂದಿ. ಹದಿನೆಂಟನೆಯ ಶತಮಾನದಲ್ಲಿ ಇಸ್ತಾಂಬುಲ್ಲಿಗೆ ತುರ್ಕಿ ಅಚ್ಚುಕೂಟ ತಂದವನು ಇಬ್ರಾಹಿಂ ಎಫೆಂದಿ. ರಾಜಧಾನಿಯ ಖಾಜಿಯನ್ನು ಜನ ಇಸ್ತಾಂಬುಲ್ ಎಫೆಂದಿ ಎಂದೇ ಕರೆಯುತ್ತಿದ್ದರು. ಸೈನ್ಯದೊಳಗೂ ಈ ಗೆರೆ ಹಾದುಹೋಗಿತ್ತು: ಓದುಬರಹ ಬಲ್ಲ ಕಿರಿಯ ಅಧಿಕಾರಿ ಎಫೆಂದಿ, ಬಾರದವನು ಆಗಾ.

ಲೇಖನಿಯ ಈ ಬಳಗದಲ್ಲಿ ಎಲ್ಲರಿಗಿಂತ ಬೆಳೆದವನು ರೈಸ್ ಎಫೆಂದಿ. ಹೆಸರಿಗೆ ಅವನು ಗುಮಾಸ್ತರ ಮುಖ್ಯಸ್ಥ. ಆದರೆ ಪರದೇಶದ ಒಪ್ಪಂದಗಳ ಕಡತ ಅವನ ಪೆಟ್ಟಿಗೆಯಲ್ಲಿತ್ತು. ಕಡತ ಇದ್ದವನ ಕೈಗೆ ವ್ಯವಹಾರವೂ ಬಂತು. ಹದಿನೆಂಟನೆಯ ಶತಮಾನದ ಹೊತ್ತಿಗೆ ವಿದೇಶಾಂಗ ಮಂತ್ರಿಯ ಕೆಲಸವನ್ನು ಅವನೇ ಮಾಡುತ್ತಿದ್ದ. ಮೈಸೂರಿನ ಟಿಪ್ಪು ಸುಲ್ತಾನನ ದೂತರು 1787ರಲ್ಲಿ ಇಸ್ತಾಂಬುಲ್ ಮುಟ್ಟಿದಾಗ ಅಲ್ಲಿನ ವ್ಯವಸ್ಥೆ ಇದೇ. 1836ರಲ್ಲಿ ಆ ಹುದ್ದೆಯನ್ನೇ ವಿದೇಶಾಂಗ ಸಚಿವಾಲಯವಾಗಿ ಬದಲಿಸಲಾಯಿತು.

ಹತ್ತೊಂಬತ್ತನೆಯ ಶತಮಾನದಲ್ಲಿ ಎಫೆಂದಿ ಮೇಲಕ್ಕೂ ಕೆಳಕ್ಕೂ ಏಕಕಾಲಕ್ಕೆ ಚಾಚಿತು. 1839ರಿಂದ ಶುರುವಾದ ತಂಜಿಮಾತ್ ಸುಧಾರಣೆಗಳು ಶಾಲೆ, ಕಚೇರಿಗಳನ್ನು ಹೆಚ್ಚಿಸಿದವು. ಕೆಂಪು ಟೊಪ್ಪಿಗೆ, ಕರಿ ಕೋಟು ತೊಟ್ಟು ಕಚೇರಿಗೆ ಹೋಗುವ ಪ್ರತಿಯೊಬ್ಬನೂ ಎಫೆಂದಿಯಾದ. ಕ್ರೈಸ್ತ, ಯಹೂದಿ ಅಧಿಕಾರಿಗಳೂ ಹೊರಗುಳಿಯಲಿಲ್ಲ. 1876ರ ಸಂವಿಧಾನದ ಕೆಲಸದಲ್ಲಿ ಕೈಜೋಡಿಸಿದ ಅರ್ಮೇನಿಯನ್ ನ್ಯಾಯವಾದಿ ಕ್ರಿಕೋರ್ ಓದಿಯಾನ್ ಕೂಡ ಎಫೆಂದಿಯೇ. ಇತ್ತ ಅರಮನೆಯಲ್ಲಿ ರಾಜಕುಮಾರರ ಹೆಸರಿಗೂ ಅದೇ ಪದ ಸೇರತೊಡಗಿತು. ಸುಲ್ತಾನನ ಮಡದಿಯರು ಕಾದಿನ್ ಎಫೆಂದಿ ಎನಿಸಿಕೊಂಡರು. ವಿಚಿತ್ರವೆಂದರೆ ರಾಜಕುಮಾರಿಯ ಹೆಸರಿನ ಕೊನೆಗೆ ಬರುತ್ತಿದ್ದುದು ಸುಲ್ತಾನ್. ಅಣ್ಣ ಎಫೆಂದಿ, ತಂಗಿ ಸುಲ್ತಾನ್. ಹೊರಗಿನವರಿಗೆ ಇದು ಉಲ್ಟಾ ಕಾಣುತ್ತದೆ.

ಎಲ್ಲರಿಗೂ ಹಂಚಿದ ಬಿರುದಿಗೆ ಬೆಲೆ ಎಷ್ಟು ದಿನ ಇದ್ದೀತು? ತುಸು ಮೇಲಿನ ದರ್ಜೆಯವರು ತಮಗೆ ಬೇ ಬೇಕೆಂದರು. ಅದಕ್ಕೂ ಮೇಲಿನವರಿಗೆ ಎರಡನ್ನೂ ಕೂಡಿಸಿ 'ಬೇಎಫೆಂದಿ' ಆಯಿತು, ಹೆಂಗಸರಿಗೆ 'ಹಾನಿಮೆಫೆಂದಿ'. ಒಂಟಿ ಎಫೆಂದಿ ಮಾತ್ರ ಸಣ್ಣ ಗುಮಾಸ್ತ, ಮಸೀದಿಯ ಇಮಾಮ, ಪೇಟೆಯ ಅಂಗಡಿಕಾರನ ಬಳಿ ಉಳಿಯಿತು. ಅಂಥ ಒಬ್ಬ ಅಂಗಡಿಕಾರನ ಹೆಸರು ಇಂದಿಗೂ ಜೀವಂತವಾಗಿದೆ. ಆಗೆಲ್ಲ ಕಾಫಿಬೀಜ ಹಸಿಯಾಗಿ ಸಿಗುತ್ತಿತ್ತು, ಹುರಿದು ಕುಟ್ಟುವುದು ಮನೆಯವರ ಪಾಡು. ಇಸ್ತಾಂಬುಲ್ಲಿನ ಮಸಾಲೆ ಪೇಟೆಯ ಪಕ್ಕದಲ್ಲಿ 1871ರಲ್ಲಿ ಒಬ್ಬ ಮೆಹ್ಮೆತ್ ಎಫೆಂದಿ ಬೀಜವನ್ನು ತಾನೇ ಹುರಿದು, ಪುಡಿ ಮಾಡಿ ಮಾರತೊಡಗಿದ. ಕುರುಕಹ್ವೆಜಿ ಮೆಹ್ಮೆತ್ ಎಫೆಂದಿ ಎಂಬ ಆ ಮಳಿಗೆಯ ಮುಂದೆ ಇವತ್ತೂ ಸಾಲು ನಿಲ್ಲುತ್ತದೆ. ಹುರಿದ ಘಮ ಬೀದಿ ತಿರುಗುವ ಮೊದಲೇ ಮೂಗಿಗೆ ಬಡಿಯುತ್ತದೆ. ಮೈಸೂರಿನ ಹಳೆಯ ಕಾಫಿಪುಡಿ ಅಂಗಡಿಗಳನ್ನು ಬಲ್ಲವರಿಗೆ ಆ ಘಮವನ್ನು ವರ್ಣಿಸಬೇಕಿಲ್ಲ.

ಈಜಿಪ್ಟಿನಲ್ಲಿ ಪದ ಬೇರೆ ಬಣ್ಣ ಪಡೆಯಿತು. ಟಾರ್ಬೂಷ್ ಟೊಪ್ಪಿ, ಸೂಟು, ಕೈಯಲ್ಲೊಂದು ದಿನಪತ್ರಿಕೆ: ಇಂಥ ಶಾಲಾಮಾಸ್ತರು, ವಕೀಲ, ಕಾರಕೂನರ ಇಡೀ ಮಧ್ಯಮವರ್ಗಕ್ಕೆ 'ಎಫೆಂದಿಯಾ' ಎಂಬ ಹೆಸರು ಬಿತ್ತು. ಬ್ರಿಟಿಷರ ವಿರುದ್ಧದ ಚಳವಳಿಗೆ ದನಿಯಾದವರು ಇವರು. 1952ರ ಕ್ರಾಂತಿಯಲ್ಲಿ ಅಲ್ಲಿನ ಬಿರುದುಗಳು ರದ್ದಾದವು. ಈಗ ಕೈರೋದ ಟ್ಯಾಕ್ಸಿಯವನು ಗಿರಾಕಿಯನ್ನು ಪಾಶಾ ಎಂದೇ ಕೂಗುತ್ತಾನೆ, ಬಿಟ್ಟಿ ಸಿಕ್ಕ ಬಿರುದು.

ಇನ್ನೂ ದಕ್ಷಿಣಕ್ಕೆ, ಬ್ರಿಟಿಷರ ಪೂರ್ವ ಆಫ್ರಿಕಾದ ಪಡೆಯಲ್ಲಿ ಎಫೆಂದಿ ಒಂದು ದರ್ಜೆಯೇ ಆಗಿತ್ತು. ಕರಿಯ ಸೈನಿಕರಿಗೆ ಆಗ ಅದಕ್ಕಿಂತ ಮೇಲೇರಲು ಬಿಡುತ್ತಿರಲಿಲ್ಲ. 1959ರಲ್ಲಿ ಆ ದರ್ಜೆ ಪಡೆದವರಲ್ಲಿ ಇದಿ ಅಮೀನ್ ಒಬ್ಬ. ಕೀನ್ಯ, ತಾಂಜಾನಿಯಾಗಳಲ್ಲಿ ಪೊಲೀಸನನ್ನು ಇಂದಿಗೂ 'ಅಫಾಂದೆ' ಎಂದು ಕರೆಯುತ್ತಾರೆ, ನಾವು ಸಾರ್ ಎಂದಂತೆ. ಪೂರ್ವಕ್ಕೆ ಹೋದ ಪದ ನಗೆಯ ಕಡೆ ಹೊರಳಿತು: ಉಯ್ಗುರರು, ಉಜ್ಬೆಕರು ಮುಲ್ಲಾ ನಸ್ರುದ್ದೀನನಿಗೆ ಇಟ್ಟ ಹೆಸರೇ ಅಫಂದಿ. ಅದು ಚೀನೀ ಬಾಯಲ್ಲಿ 'ಅಫಾಂತಿ' ಆಗಿ, 1979ರಿಂದ ಶಾಂಘೈ ಸ್ಟುಡಿಯೊದ ಗೊಂಬೆ ಚಿತ್ರಗಳ ಮೂಲಕ ಅಲ್ಲಿನ ಮಕ್ಕಳಿಗೆಲ್ಲ ಪರಿಚಯವಾಯಿತು. ಬೋಸ್ನಿಯಾದಲ್ಲಿ ಇಮಾಮರು 'ಎಫೆಂದಿಯಾ'. ಇಂಡೋನೇಷ್ಯದಲ್ಲಿ ಅದು ಬರಿಯ ಹೆಸರು.

ಭಾರತಕ್ಕೆ ಈ ಪದ ಬಿರುದಾಗಿ ಬಂದು ನೆಲೆಸಲಿಲ್ಲ. ನಮಗೆ ದಕ್ಕಿದ್ದು ಖಾನ್, ಬೇಗ್, ಬೇಗಂ. ಆದರೂ ಒಬ್ಬ ಎಫೆಂದಿಯ ಕಥೆ ದಖ್ಖನಿಗೆ ತಾಗಿದೆ. ಸುಲ್ತಾನಗಿರಿ ರದ್ದಾದ 1922ರ ನವೆಂಬರಿನಲ್ಲಿ ಅಂಕಾರಾದ ಸಂಸತ್ತು ರಾಜ್ಯಾಧಿಕಾರವಿಲ್ಲದ ಖಲೀಫನಾಗಿ ಅಬ್ದುಲ್‌ಮೆಜಿದ್ ಎಫೆಂದಿಯನ್ನು ಆರಿಸಿತು. ಅವನು ಒಳ್ಳೆಯ ಚಿತ್ರಕಾರ, ಸಂಗೀತಪ್ರಿಯ. ಹದಿನಾರು ತಿಂಗಳೂ ತುಂಬಿರಲಿಲ್ಲ, 1924ರ ಮಾರ್ಚ್ 3ರಂದು ಖಿಲಾಫತ್ತೇ ರದ್ದಾಗಿ ಅವನನ್ನು ರಾತ್ರೋರಾತ್ರಿ ಗಡಿಪಾರು ಮಾಡಲಾಯಿತು. ಫ್ರಾನ್ಸಿನಲ್ಲಿ ಕಷ್ಟದಲ್ಲಿದ್ದ ಅವನಿಗೆ ಹೈದರಾಬಾದಿನ ನಿಜಾಮ ಮೀರ್ ಉಸ್ಮಾನ್ ಅಲಿ ಖಾನ್ ಮಾಸಾಶನ ಕೊಟ್ಟ. ನವೆಂಬರ್ 1931ರಲ್ಲಿ ನೀಸ್ ನಗರದಲ್ಲಿ ಎಫೆಂದಿಯ ಮಗಳು ದುರ್ರುಷೆಹ್ವಾರ್ ಸುಲ್ತಾನ್ ನಿಜಾಮನ ಹಿರಿಯ ಮಗ ಆಜಂ ಜಾಹನ ಕೈಹಿಡಿದಳು. ಹೀಗೆ ಕಲಬುರಗಿ, ಬೀದರ, ರಾಯಚೂರುಗಳು ಸೇರಿದ್ದ ಸಂಸ್ಥಾನಕ್ಕೆ ಕೊನೆಯ ಖಲೀಫನ ಮಗಳು ಸೊಸೆಯಾಗಿ ಬಂದಳು.

ತುರ್ಕಿ ಗಣರಾಜ್ಯ ಬಿರುದುಗಳ ಮೇಲೆ ಕೈಯಿಟ್ಟದ್ದು 1934ರಲ್ಲಿ. ಜೂನಿನಲ್ಲಿ ಎಲ್ಲರಿಗೂ ಮನೆತನದ ಹೆಸರು ಕಡ್ಡಾಯವಾಯಿತು. ನವೆಂಬರ್ 26ರಂದು 2590ನೆಯ ಕಾನೂನು ಬಂತು. ಎಫೆಂದಿ, ಬೇ, ಪಾಶಾ ಮೊದಲಾದ ಬಿರುದುಗಳ ರದ್ದತಿ ಎಂದೇ ಅದರ ಹೆಸರು. ಆ ಹೆಸರಿನಲ್ಲಿ ಮೊದಲಿಗನೇ ನಮ್ಮ ಎಫೆಂದಿ. ಆಗಾ, ಹಾಜಿ, ಹಾಫಿಜ್, ಹೋಜಾ, ಮೊಲ್ಲಾ, ಹಾನಿಮ್ ಎಲ್ಲವೂ ಅದೇ ಬುಟ್ಟಿಗೆ ಬಿದ್ದವು. ಕಾನೂನಿನ ಎದುರು, ಸರಕಾರಿ ಕಾಗದದಲ್ಲಿ ಗಂಡಾಗಲಿ ಹೆಣ್ಣಾಗಲಿ ಹೆಸರಿನಿಂದಷ್ಟೇ ಗುರುತು. ಈ ಕಾನೂನು ಇಂದಿಗೂ ಜಾರಿಯಲ್ಲಿದೆ. 1982ರ ಸಂವಿಧಾನದ 174ನೆಯ ವಿಧಿ ಅದಕ್ಕೆ ವಿಶೇಷ ರಕ್ಷಣೆಯನ್ನೂ ಕೊಟ್ಟಿದೆ. ಖಾಲಿಯಾದ ಜಾಗಕ್ಕೆ ಹೆಸರಿನ ಮೊದಲು ಹೇಳುವ 'ಬಾಯ್', 'ಬಾಯಾನ್' ಎಂಬ ಹೊಸ ಪದಗಳನ್ನು ತಂದರು. ಅವು ಕಾಗದಪತ್ರದಲ್ಲಿ, ಶೌಚಾಲಯದ ಬಾಗಿಲಲ್ಲಿ ಚೆನ್ನಾಗಿ ನೆಲೆನಿಂತವು. ಎದುರಿಗೆ ನಿಂತ ಅಹ್ಮೆತನನ್ನು 'ಬಾಯ್ ಅಹ್ಮೆತ್' ಎಂದರೆ ಮಾತ್ರ ನೋಟೀಸು ಓದಿದ ಹಾಗಾಗುತ್ತದೆ. ಜನ ಅಹ್ಮೆತ್ ಬೇ ಎಂದೇ ಉಳಿದರು.

ಬೇ ಮತ್ತು ಹಾನಿಮ್ ಸಭ್ಯರ ಮಾತಾಗಿ ಉಳಿದವು. ಎಫೆಂದಿ ಇನ್ನಷ್ಟು ಮೆಟ್ಟಿಲು ಇಳಿಯಿತು. ಇಸ್ತಾಂಬುಲ್ಲಿನ ಅಪಾರ್ಟ್‌ಮೆಂಟೊಂದರ ಬೆಳಗನ್ನು ನೋಡಬೇಕು. ನೆಲಮಾಳಿಗೆಯಲ್ಲಿ ಸಂಸಾರ ಹೂಡಿರುವ ಕಾವಲುಗಾರ, ಅವರ ಮಾತಿನಲ್ಲಿ 'ಕಪಿಜಿ', ಬಿಸಿ ಬ್ರೆಡ್ಡು, ಪೇಪರು ಹಿಡಿದು ಮಹಡಿ ಹತ್ತುತ್ತಾನೆ. ಮೂರನೆಯ ಮಹಡಿಯ ಹೆಂಗಸು ಬಾಗಿಲು ತೆರೆದು "ಹಸನ್ ಎಫೆಂದಿ, ನಾಳೆ ಎರಡು ಬ್ರೆಡ್ಡು ತಾ" ಎನ್ನುತ್ತಾಳೆ. ಅವನು "ಆಗಲಿ, ಆಯ್ಷೆ ಹಾನಿಮ್" ಎನ್ನುತ್ತಾನೆ. ಇಬ್ಬರ ಮಾತಿನಲ್ಲೂ ಮರ್ಯಾದೆಯ ಪದವಿದೆ, ಆದರೆ ಎರಡೂ ಒಂದೇ ತೂಕದವಲ್ಲ. ಅವಳ ಗಂಡನನ್ನು ಅವನು ಅಪ್ಪಿತಪ್ಪಿ ಎಫೆಂದಿ ಎಂದನೋ, ಕೆಲಸಕ್ಕೆ ಸಂಚಕಾರ! ಝೆಕಿ ಓಕ್ತೆನ್ ನಿರ್ದೇಶನದಲ್ಲಿ ಕೆಮಾಲ್ ಸುನಾಲ್ ಕಾವಲುಗಾರನಾಗಿ ನಟಿಸಿದ 1976ರ 'ಕಪಿಜಿಲರ್ ಕ್ರಾಲಿ' ಚಿತ್ರದಲ್ಲಿ ಈ ಲೋಕದ ನಗು, ಕುಟಿಲ ಎಲ್ಲವೂ ಇದೆ.

ಅಂತಸ್ತು ಸೂಚಿಸುವಾಗ ಕೆಳಗಿಳಿದ ಪದ ಗುಣ ಹೇಳುವಾಗ ಮಾತ್ರ ಒಂದಿಷ್ಟೂ ಕುಗ್ಗಲಿಲ್ಲ. 'ಎಫೆಂದಿ ಆದಮ್' ಎಂದರೆ ಸಂಭಾವಿತ, ದನಿ ಏರಿಸದವನು. ಹೆಣ್ಣು ಕೊಡುವವರು ಹುಡುಕುವ ಗುಣ. ಚೇಷ್ಟೆಯ ಹುಡುಗನಿಗೆ 'ಎಫೆಂದಿ ಎಫೆಂದಿ ಕೂತ್ಕೋ' ಎಂದರೆ ತೆಪ್ಪಗಿರು ಎಂದು. 'ಇಸ್ತಾಂಬುಲ್ ಎಫೆಂದಿ' ಈಗ ಖಾಜಿಯಲ್ಲ, ಹಳೆಯ ಕಾಲದ ನಯನಾಜೂಕಿನ ಪಟ್ಟಣಿಗ. ಪ್ರವಾದಿಯನ್ನು ನೆನೆಯುವಾಗ ಭಕ್ತರು 'ಎಫೆಂದಿಮಿಜ್', ನಮ್ಮ ಒಡೆಯ, ಎನ್ನುತ್ತಾರೆ. ಅಲ್ಲಿ ಪದಕ್ಕೆ ಹಳೆಯ ಗಾಂಭೀರ್ಯ ಪೂರ್ತಿಯಾಗಿದೆ.

ಎಲ್ಲಕ್ಕಿಂತ ಹೆಚ್ಚು ಕಿವಿಗೆ ಬೀಳುವುದು 'ಎಫೆಂದಿಮ್', ನನ್ನ ಒಡೆಯ. ಫೋನ್ ಎತ್ತಿದರೆ ಎಫೆಂದಿಮ್. ಯಾರೋ ಕರೆದರೆ ಓಗೊಡುವುದೂ ಎಫೆಂದಿಮ್. ಕೇಳಿಸದಿದ್ದರೆ ಕೊನೆಯನ್ನು ಸ್ವಲ್ಪ ಎಳೆದು "ಎಫೆಂದಿಮ್?", ನಮ್ಮ "ಏನಂದ್ರೀ?" ಇದ್ದಂತೆ. ಭಾಷಣಕಾರ ಮುಂದಿನ ಮಾತು ಹೊಳೆಯದಾಗ ನಡುವೆ ತುರುಕುವುದೂ ಅದನ್ನೇ. ಹೇಳಿದ್ದಕ್ಕೆಲ್ಲ ತಲೆಯಾಡಿಸುವವನು 'ಎವೆತ್ ಎಫೆಂದಿಮ್‌ಜಿ', ಅಂದರೆ 'ಹೌದು ಒಡೆಯಾ' ಎನ್ನುವುದನ್ನೇ ಕಸುಬು ಮಾಡಿಕೊಂಡವನು. ಕನ್ನಡದಲ್ಲಿ ಅವನಿಗೆ ಹೌದಪ್ಪ ಎಂಬ ಅಚ್ಚುಕಟ್ಟಾದ ಹೆಸರು ಎಂದೋ ಸಿಕ್ಕಿದೆ.

ಒಟ್ಟೊಮನ್ ಮನೆತನದ ಗಂಡುಮಕ್ಕಳು ದೇಶಭ್ರಷ್ಟರಾಗಿಯೂ ತಮ್ಮತಮ್ಮಲ್ಲಿ ಎಫೆಂದಿ ಎಂಬುದನ್ನು ಉಳಿಸಿಕೊಂಡರು. ಎರಡನೆಯ ಅಬ್ದುಲ್‌ಹಮೀದನ ಮೊಮ್ಮಗ ಎರ್ತೂರುಲ್ ಓಸ್ಮಾನ್ ಎಫೆಂದಿ ಹುಟ್ಟಿದ್ದು 1912ರಲ್ಲಿ. ಹನ್ನೊಂದರ ಹುಡುಗನಾಗಿದ್ದಾಗ ಊರು ತಪ್ಪಿತು. ಬಾಳಿನ ಹೆಚ್ಚಿನ ಕಾಲ ನ್ಯೂಯಾರ್ಕಿನ ಬಾಡಿಗೆ ಮನೆಯಲ್ಲಿ ಕಳೆಯಿತು. ಬೇರೆ ಯಾವ ದೇಶದ ಪಾಸ್‌ಪೋರ್ಟನ್ನೂ ಅವರು ಪಡೆಯಲಿಲ್ಲ. 1992ರಲ್ಲಿ ಸರಕಾರದ ಆಹ್ವಾನದ ಮೇಲೆ ಇಸ್ತಾಂಬುಲ್ಲಿಗೆ ಬಂದಾಗ, ಬಾಲ್ಯದಲ್ಲಿ ಆಡಿದ ದೊಲ್ಮಾಬಾಹ್ಚೆ ಅರಮನೆಯನ್ನು ಅವರು ನೋಡಿದ್ದು ಪ್ರವಾಸಿಗರ ಗುಂಪಿನ ಜೊತೆ ನಡೆದು. ತುರ್ಕಿ ಪೌರತ್ವ ಸಿಕ್ಕಿದ್ದು 2004ರಲ್ಲಿ, ತೊಂಬತ್ತು ದಾಟಿದ ಮೇಲೆ. ಪಾಸ್‌ಪೋರ್ಟಿಗೆ ಮನೆತನದ ಹೆಸರಾಗಿ ಓಸ್ಮಾನೊಗ್ಲು ಬಂತು. ಎಫೆಂದಿ ಬರೆಯಲು 1934ರ ಕಾನೂನು ಅಡ್ಡಿಯಾಗಿತ್ತು.