ಎತ್ತರದ ಅಮಲು: ವೈಮಾನಿಕ ತರಬೇತಿಯ ಚರಿತ್ರೆಯಿಂದ ಕೆಲವು ಪುಟಗಳು

1875ರ ಏಪ್ರಿಲ್ 15ರಂದು ಪ್ಯಾರಿಸ್ಸಿನ ಲಾ ವಿಲೆತ್ ಎಂಬಲ್ಲಿಂದ ‘ಝೆನಿತ್’ ಎಂಬ ಬಲೂನು ಮೂವರನ್ನು ಹೊತ್ತು ಆಕಾಶಕ್ಕೇರಿತು. ಕ್ರೋಸೆ-ಸ್ಪಿನೆಲ್ಲಿ, ಸಿವೆಲ್ ಮತ್ತು ಗಾಸ್ತೋನ್ ತಿಸಾಂದಿಯೆ ಎಂಬ ಈ ಮೂವರೂ ಸಾಹಸಕ್ಕಾಗಿ ಸಾಹಸ ಮಾಡುವವರಲ್ಲ, ವಿಜ್ಞಾನದಲ್ಲಿ ಶ್ರದ್ಧೆಯುಳ್ಳವರು. ಪ್ರಾಣವಾಯು ಬೆರೆತ ಗಾಳಿಯನ್ನು ಚೀಲಗಳಲ್ಲಿ ತುಂಬಿಸಿ, ಬಾಯಿಗೆ ಎಟುಕುವಂತೆ ನಳಿಕೆಗಳನ್ನು ಜೋಡಿಸಿಕೊಂಡಿದ್ದರು. ಬಲೂನು ಸುಮಾರು 8,600 ಮೀಟರ್ ಎತ್ತರವನ್ನು ಮುಟ್ಟಿ ಇಳಿಯುವ ಹೊತ್ತಿಗೆ ಇಬ್ಬರು ಸತ್ತಿದ್ದರು. ಬದುಕುಳಿದ ತಿಸಾಂದಿಯೆ ಬಹುಮಟ್ಟಿಗೆ ಶ್ರವಣಶಕ್ತಿಯನ್ನು ಕಳೆದುಕೊಂಡಿದ್ದ.

ಆತ ಬರೆದಿಟ್ಟ ವೃತ್ತಾಂತದಲ್ಲಿ ನಮ್ಮನ್ನು ಬೆಚ್ಚಿಬೀಳಿಸುವುದು ಸಾವಿನ ವರ್ಣನೆಯಲ್ಲ, ಸಂತೋಷದ ವರ್ಣನೆ. ಆ ಎತ್ತರದಲ್ಲಿ ನೋವಾಗಲಿ ಭಯವಾಗಲಿ ಇರಲಿಲ್ಲವೆಂದೂ, ಅಪಾಯದ ಯೋಚನೆಯೇ ಸುಳಿಯದೆ ಮೇಲೇರುತ್ತಿರುವುದೇ ಒಂದು ಆನಂದವಾಗಿತ್ತೆಂದೂ ಆತ ಹೇಳುತ್ತಾನೆ. ನಳಿಕೆಯನ್ನು ಹಿಡಿಯಬೇಕೆಂದು ತೋರಿದಾಗ ಕೈ ಮೇಲೇಳಲಿಲ್ಲ.

ಈ ಬಗೆಯ ಅನುಭವ ಅದೇ ಮೊದಲನೆಯದೇನೂ ಆಗಿರಲಿಲ್ಲ. 1862ರ ಸೆಪ್ಟೆಂಬರ್ 5ರಂದು ಇಂಗ್ಲೆಂಡಿನ ವುಲ್ವರ್‌ಹ್ಯಾಂಪ್ಟನ್‌ನಿಂದ ಮೇಲೇರಿದ ಜೇಮ್ಸ್ ಗ್ಲೇಷರ್ ತನ್ನ ಉಪಕರಣಗಳನ್ನು ಓದುತ್ತಿದ್ದಂತೆಯೇ ದೃಷ್ಟಿ ಮಂಜಾಗಿ, ಕೈಕಾಲು ಸೋತು, ಪ್ರಜ್ಞೆ ತಪ್ಪಿ ಒರಗಿದ. ಜೊತೆಗಿದ್ದ ಹೆನ್ರಿ ಕಾಕ್ಸ್‌ವೆಲ್ಲನ ಕೈಗಳು ಚಳಿಯಿಂದ ಮರಗಟ್ಟಿದ್ದವು. ಆತ ಅನಿಲವನ್ನು ಹೊರಬಿಡುವ ಕವಾಟದ ಹಗ್ಗವನ್ನು ಹಲ್ಲಿನಿಂದ ಕಚ್ಚಿ ಎಳೆದು ಬಲೂನನ್ನು ಇಳಿಸಿದ. ಇಬ್ಬರೂ ಬದುಕಿದ್ದು ಆ ಹಲ್ಲುಗಳ ಬಲದಿಂದ.

ಇವರಿಗೆಲ್ಲ ಆದದ್ದೇನೆಂಬುದನ್ನು ಪ್ರಯೋಗಗಳ ಮೂಲಕ ಸ್ಪಷ್ಟಪಡಿಸಿದವನು ಫ್ರಾನ್ಸಿನ ಶರೀರವಿಜ್ಞಾನಿ ಪೌಲ್ ಬೇರ್. ಗಾಳಿಯಲ್ಲಿ ಆಮ್ಲಜನಕದ ಪಾಲು ಸಮುದ್ರಮಟ್ಟದಲ್ಲಿಯೂ ಹಿಮಾಲಯದ ತುದಿಯಲ್ಲಿಯೂ ಒಂದೇ: ನೂರಕ್ಕೆ 21. ಕುಗ್ಗುವುದು ಗಾಳಿಯ ಒತ್ತಡ. 18,000 ಅಡಿಯ ಹೊತ್ತಿಗೆ ಅದು ಅರ್ಧಕ್ಕಿಳಿದಿರುತ್ತದೆ. ಶ್ವಾಸಕೋಶದಿಂದ ರಕ್ತಕ್ಕೆ ಆಮ್ಲಜನಕವನ್ನು ನೂಕುವ ಬಲವೂ ಅದರೊಡನೆ ಇಳಿಯುತ್ತದೆ. ಬೇರ್ ಗಾಳಿಯ ಒತ್ತಡವನ್ನು ಬೇಕಾದಂತೆ ತಗ್ಗಿಸಬಲ್ಲ ಲೋಹದ ಕೋಣೆಯೊಂದನ್ನು ಕಟ್ಟಿಸಿ, ಪ್ರಾಣಿಗಳನ್ನೂ ತನ್ನನ್ನೂ ಅದರೊಳಗೆ ಪರೀಕ್ಷೆಗೆ ಒಡ್ಡಿಕೊಂಡು ಇದನ್ನು ಸಾಧಿಸಿದ.

ಇಲ್ಲಿ ಓದುಗರು ಗಮನಿಸಬೇಕಾದ ಸಂಗತಿಯೊಂದಿದೆ. ಝೆನಿತ್‌ನಲ್ಲಿ ಮಡಿದ ಕ್ರೋಸೆ-ಸ್ಪಿನೆಲ್ಲಿಯೂ ಸಿವೆಲ್‌ನೂ 1874ರಲ್ಲಿಯೇ ಬೇರ್‌ನ ಆ ಕೋಣೆಯಲ್ಲಿ ಕುಳಿತು ಬಂದಿದ್ದರು. ತೆಳುಗಾಳಿಯ ಪ್ರಭಾವವೇನು, ಆಮ್ಲಜನಕವನ್ನು ಸೇವಿಸಿದೊಡನೆ ಹೇಗೆ ಕಣ್ಣು ತಿಳಿಯಾಗುತ್ತದೆ ಎಂಬುದನ್ನು ಸ್ವತಃ ಕಂಡಿದ್ದರು. ಕೊಂಡೊಯ್ಯುತ್ತಿರುವ ವಾಯು ಸಾಲದು ಎಂದು ಎಚ್ಚರಿಸಿ ಬೇರ್ ಬರೆದ ಪತ್ರವಾದರೋ ತಡವಾಗಿ ತಲುಪಿತು. ಇದ್ದ ವಾಯುವನ್ನೂ ಅವರು ನಿಜವಾಗಿ ಬೇಕಾದಾಗ ಬಳಸೋಣವೆಂದು ಉಳಿಸಿಕೊಂಡರು. ಅದು ಬೇಕಾದ ಗಳಿಗೆಯಲ್ಲಿ ಬೇಕೆಂದು ತಿಳಿಯುವ ಮನಸ್ಸಾಗಲಿ ಎತ್ತಿಕೊಳ್ಳುವ ಕೈಯಾಗಲಿ ಉಳಿದಿರಲಿಲ್ಲ. ಅವರಲ್ಲಿ ತಿಳಿವಳಿಕೆಯ ಕೊರತೆಯಿರಲಿಲ್ಲ. ಆ ತಿಳಿವಳಿಕೆ ಕೈಗೆ ಅಭ್ಯಾಸವಾಗಿರಲಿಲ್ಲ, ಅಷ್ಟೆ. ಮುಂದಿನ ನೂರು ವರ್ಷಗಳ ವೈಮಾನಿಕ ತರಬೇತಿಯೆಲ್ಲ ಈ ಅಂತರವನ್ನು ತುಂಬುವ ಪ್ರಯತ್ನವೇ ಆಗಿದೆ.

ಹೈಪಾಕ್ಸಿಯಾ ಎಂದು ಇಂದು ನಾವು ಕರೆಯುವ ಈ ಸ್ಥಿತಿಯಲ್ಲಿ ಮೊದಲು ಮಂಕಾಗುವುದು ವಿವೇಚನೆ. ‘ತನ್ನ ಬೆನ್ನು ತನಗೆ ಕಾಣದು’ ಎಂಬ ನಮ್ಮ ಗಾದೆ ಇಲ್ಲಿ ಅಕ್ಷರಶಃ ಸಲ್ಲುತ್ತದೆ. ಕುಡಿದವನು ತಾನು ನೆಟ್ಟಗೇ ನಡೆಯುತ್ತಿರುವೆನೆಂದು ನಂಬುವಂತೆ, ಆಮ್ಲಜನಕ ಸಾಲದ ಪೈಲಟ್ ತಾನು ಎಂದಿಗಿಂತ ಚೆನ್ನಾಗಿ ಹಾರಿಸುತ್ತಿರುವೆನೆಂದು ನಂಬಬಲ್ಲ. ನೆರವಿನ ಆಮ್ಲಜನಕವಿಲ್ಲದೆ ಮನುಷ್ಯ ಉಪಯುಕ್ತವಾಗಿ ಯೋಚಿಸಿ ಕೆಲಸ ಮಾಡಬಲ್ಲ ಅವಧಿ 25,000 ಅಡಿಯಲ್ಲಿ ಮೂರರಿಂದ ಐದು ನಿಮಿಷ. 35,000 ಅಡಿಯಲ್ಲಿ ಅರ್ಧದಿಂದ ಒಂದು ನಿಮಿಷ. 40,000 ಅಡಿಯಲ್ಲಿ 15ರಿಂದ 20 ಸೆಕೆಂಡು. ಪ್ರಜ್ಞೆ ಪೂರ್ತಿ ತಪ್ಪುವುದು ಆಮೇಲಿನ ಮಾತು.

ಎರಡನೆಯ ಮಹಾಯುದ್ಧ ಈ ವಿಷಯವನ್ನು ಪ್ರಯೋಗಶಾಲೆಯಿಂದ ತರಬೇತಿ ಶಿಬಿರಕ್ಕೆ ತಂದಿತು. ಬಿ-17ರಂತಹ ಬಾಂಬರ್ ವಿಮಾನಗಳ ಒಡಲಿನಲ್ಲಿ ಕೃತಕ ಒತ್ತಡದ ವ್ಯವಸ್ಥೆಯಿರಲಿಲ್ಲ. 25,000 ಅಡಿಯ ಚಳಿಯಲ್ಲಿ ಹತ್ತು ಮಂದಿ ಮುಖವಾಡ ಧರಿಸಿಯೇ ಗಂಟೆಗಟ್ಟಲೆ ಕೆಲಸ ಮಾಡಬೇಕಿತ್ತು. ಒಂದು ನಳಿಕೆ ಕಳಚಿದರೆ ಪಕ್ಕದವನಿಗೆ ತಿಳಿಯುವ ಮುನ್ನವೇ ಒಬ್ಬ ಸತ್ತಿರುತ್ತಿದ್ದ. ಹೀಗಾಗಿ ಅಮೆರಿಕವು ತನ್ನ ವೈಮಾನಿಕರನ್ನು ತಂಡತಂಡವಾಗಿ ಕಡಿಮೆ ಒತ್ತಡದ ಕೋಣೆಗಳಿಗೆ ಕಳುಹಿಸತೊಡಗಿತು. ಬೇರ್ 1878ರಲ್ಲಿ ಪ್ರಕಟಿಸಿದ ಬೃಹದ್ಗ್ರಂಥ ಇಂಗ್ಲಿಷಿಗೆ ಬಂದುದು 1943ರಲ್ಲಿ.

ಅದೇ ಕೋಣೆಯ ಇನ್ನೊಂದು ಕಥೆಯನ್ನು ಹೇಳದೆ ಬಿಟ್ಟರೆ ಚರಿತ್ರೆಗೆ ಅಪಚಾರವಾದೀತು. 1942ರಲ್ಲಿ ಜರ್ಮನಿಯ ಡಾಖೌ ಬಂದಿಶಿಬಿರದಲ್ಲಿ ಸೆರೆಯಾಳುಗಳನ್ನು ಇಂತಹ ಕೋಣೆಯೊಳಕ್ಕೆ ನೂಕಿ, ಅತಿ ಎತ್ತರದ ಒತ್ತಡಕ್ಕೆ ಒಡ್ಡಿ, ಹಲವರನ್ನು ಸಾಯುವವರೆಗೂ ವೀಕ್ಷಿಸಲಾಯಿತು. ಯುದ್ಧಾನಂತರ ನ್ಯೂರೆಂಬರ್ಗಿನಲ್ಲಿ ವೈದ್ಯರ ಮೇಲೆ ನಡೆದ ವಿಚಾರಣೆಯಲ್ಲಿ ಈ ಕೃತ್ಯಗಳು ಬಯಲಾದವು. ಪರೀಕ್ಷೆಗೆ ಒಳಗಾಗುವವನ ಸ್ವಇಚ್ಛೆಯ ಸಮ್ಮತಿ ಅನಿವಾರ್ಯವೆಂಬ ನಿಯಮವನ್ನು ಲೋಕವು ಬರೆದುಕೊಂಡದ್ದು ಆ ತೀರ್ಪಿನಿಂದಲೇ. ತನ್ನನ್ನೇ ಪರೀಕ್ಷಿಸಿಕೊಂಡ ಬೇರ್‌ಗೂ ಡಾಖೌದ ವೈದ್ಯರಿಗೂ ಬಳಸಿದ ಉಪಕರಣದಲ್ಲಿ ಹೆಚ್ಚಿನ ವ್ಯತ್ಯಾಸವಿರಲಿಲ್ಲ.

ಇಂದಿನ ತರಬೇತಿಯ ಕ್ರಮ ಸರಳವಾದದ್ದು. ರಕ್ತದಲ್ಲಿ ಕರಗಿರುವ ಸಾರಜನಕ ಗುಳ್ಳೆಗಟ್ಟಿ ಹಾನಿ ಮಾಡದಿರಲೆಂದು ಮೊದಲು ಅರ್ಧ ಗಂಟೆ ಶುದ್ಧ ಆಮ್ಲಜನಕವನ್ನು ಉಸಿರಾಡಿಸುತ್ತಾರೆ. ಬಳಿಕ ಕೋಣೆಯ ಗಾಳಿಯನ್ನು ಹೊರಸೆಳೆದು 25,000 ಅಡಿಯ ಒತ್ತಡಕ್ಕೆ ತಂದು ಮುಖವಾಡ ತೆಗೆಯಲು ಹೇಳುತ್ತಾರೆ. ಕೈಯಲ್ಲಿ ಕಾಗದ, ಪೆನ್ಸಿಲು; ಹೆಸರು ಬರೆಯಬೇಕು, ಸಣ್ಣಪುಟ್ಟ ಲೆಕ್ಕ ಮಾಡಬೇಕು. ಒಂದೆರಡು ನಿಮಿಷದಲ್ಲಿ ಅಕ್ಷರಗಳು ಓರೆಯಾಗುತ್ತವೆ. ಒಬ್ಬನಿಗೆ ಬೆರಳ ತುದಿ ಜುಮುಗುಟ್ಟಿದರೆ ಇನ್ನೊಬ್ಬನಿಗೆ ಮೈ ಬಿಸಿಯೇರುತ್ತದೆ. ಮತ್ತೊಬ್ಬ ಕಾರಣವಿಲ್ಲದೆ ನಗುತ್ತಾನೆ. ಬಣ್ಣಗಳು ಮಾಸಿದ್ದವೆಂಬುದು ಎಷ್ಟೋ ಮಂದಿಗೆ ಅರಿವಾಗುವುದು ಮುಖವಾಡ ಮತ್ತೆ ಧರಿಸಿ ಅವು ತಟ್ಟನೆ ಮರಳಿದಾಗ. ತನ್ನ ದೇಹ ಯಾವ ಚಿಹ್ನೆಯನ್ನು ಮೊದಲು ತೋರಿಸುತ್ತದೆ ಎಂಬುದನ್ನು ಪ್ರತಿಯೊಬ್ಬನೂ ಗುರುತಿಟ್ಟುಕೊಂಡು ಹೊರಬರಬೇಕು.

ನಮ್ಮ ದೇಶದಲ್ಲಿ ಈ ವಿದ್ಯೆಗೆ ಬೆಂಗಳೂರೇ ತವರು. ಆದರೆ ಅದರ ಅಗತ್ಯವನ್ನು ಮನಗಾಣಿಸಿದ್ದು ಲಡಾಖ್. 1948ರ ಮೇ 24ರಂದು ಏರ್ ಕಮೋಡೋರ್ ಮೆಹರ್ ಸಿಂಗ್ ಅವರು ಡಕೋಟಾ ವಿಮಾನವೊಂದನ್ನು ಹಿಮಶಿಖರಗಳ ನಡುವೆ ನಡೆಸಿಕೊಂಡು ಹೋಗಿ, ಲಡಾಖಿ ಎಂಜಿನಿಯರ್ ಸೋನಂ ನೋರ್ಬು ಅವರು ಸಿದ್ಧಪಡಿಸಿದ್ದ ಮಣ್ಣಿನ ಪಟ್ಟಿಯ ಮೇಲೆ ಲೇಹ್‌ನಲ್ಲಿ ಇಳಿಸಿದರು. ಅವರೊಡನೆ ಪ್ರಯಾಣಿಸಿದವರು ನಮ್ಮ ಕೊಡಗಿನ ಮೇಜರ್ ಜನರಲ್ ತಿಮ್ಮಯ್ಯನವರು. ಲೇಹ್ ಉಳಿಯಿತು. ಆದರೆ ದೇಶದ ರಕ್ಷಣೆ ಅಸಾಧಾರಣರ ಎದೆಗಾರಿಕೆಯೊಂದನ್ನೇ ನಂಬಿ ನಡೆಯಲಾರದು. ಸಾಧಾರಣ ಪೈಲಟ್ ಪ್ರತಿದಿನ ಹೋಗಿ ಸುರಕ್ಷಿತವಾಗಿ ಮರಳಬೇಕು.

1957ರಲ್ಲಿ ಬೆಂಗಳೂರಿನಲ್ಲಿ ವಾಯುಪಡೆಯ ವೈಮಾನಿಕ ವೈದ್ಯಶಾಲೆ ಆರಂಭವಾಯಿತು. ಇಂದು ಅದರ ಹೆಸರು ಇನ್‌ಸ್ಟಿಟ್ಯೂಟ್ ಆಫ್ ಏರೋಸ್ಪೇಸ್ ಮೆಡಿಸಿನ್. ರಾಕೇಶ್ ಶರ್ಮಾ ಅವರ ಬಾಹ್ಯಾಕಾಶ ಯಾನಕ್ಕೆ ಮುನ್ನ ಪರೀಕ್ಷೆ ನಡೆದುದೂ, ಗಗನಯಾನದ ನಾಲ್ವರ ಆಯ್ಕೆಯ ಪರೀಕ್ಷೆಗಳು ನಡೆದುದೂ ಅಲ್ಲಿಯೇ. ಸಿಯಾಚಿನ್‌ನಲ್ಲಿ 20,000 ಅಡಿಯ ಆಸುಪಾಸಿನ ಠಾಣೆಗಳಿಗೆ ಆಹಾರ, ಔಷಧ ಮುಟ್ಟಿಸುವ ಚೀತಾ ಹೆಲಿಕಾಪ್ಟರುಗಳು ತಯಾರಾದುದೂ ಅದೇ ಊರಿನ ಎಚ್‌ಎಎಲ್ ಕಾರ್ಖಾನೆಯಲ್ಲಿ.

ತೆಳುಗಾಳಿ ಮನುಷ್ಯನನ್ನು ಮಾತ್ರವಲ್ಲ, ಯಂತ್ರವನ್ನೂ ಸೊರಗಿಸುತ್ತದೆ. 10,600 ಅಡಿಗೂ ಮೇಲಿರುವ ಲೇಹ್‌ನಲ್ಲಿ ರೆಕ್ಕೆಗೆ ಆಧಾರವೂ ಎಂಜಿನ್ನಿಗೆ ಶಕ್ತಿಯೂ ಕಡಿಮೆ. ನೆಲಬಿಡಲು ಹೆಚ್ಚು ದೂರ ಓಡಬೇಕು. ಹೊತ್ತೇರಿದಂತೆ ಗಾಳಿ ಬಿಸಿಯಾಗಿ ಇನ್ನಷ್ಟು ತೆಳುವಾಗುತ್ತದೆ, ಕಣಿವೆಯಲ್ಲಿ ಬಿರುಗಾಳಿ ಏಳುತ್ತದೆ. ದೆಹಲಿಯಿಂದ ಲೇಹ್‌ಗೆ ಹೋಗುವ ವಿಮಾನಗಳು ಬಹುಪಾಲು ಬೆಳಗಿನ ಹೊತ್ತೇ ಹೊರಡುವುದು ಈ ಕಾರಣಕ್ಕೆ. ಅಲ್ಲಿಗೆ ಹೋಗುವ ಕ್ಯಾಪ್ಟನ್ ವಿಶೇಷ ತರಬೇತಿ ಪಡೆದಿರಬೇಕು. ಬಯಲಿನ ಮೇಲೆ ಒಡಲಿನ ಒತ್ತಡ ತಪ್ಪಿದರೆ 10,000 ಅಡಿಗೆ ಧುಮುಕಬಹುದು. ಹಿಮಾಲಯದ ಮೇಲೆ ಆ ಎತ್ತರದಲ್ಲಿ ಇರುವುದು ಬಂಡೆ. ಯಾವ ಘಟ್ಟದಲ್ಲಿ ಯಾವ ಕಡೆ ತಿರುಗಿ ಪಾರಾಗಬೇಕೆಂಬುದನ್ನು ಅವನು ಮೊದಲೇ ನಿರ್ಧರಿಸಿಕೊಂಡಿರಬೇಕು.

ಇಷ್ಟಾದರೂ ಮರೆವು ಬಿಟ್ಟಿಲ್ಲ. 2005ರ ಆಗಸ್ಟ್ 14ರಂದು ಸೈಪ್ರಸ್‌ನಿಂದ ಅಥೆನ್ಸಿಗೆ ಹೊರಟ ಹೀಲಿಯೋಸ್ ಸಂಸ್ಥೆಯ ವಿಮಾನದಲ್ಲಿ ಒತ್ತಡ ನಿಯಂತ್ರಣದ ಗುಂಡಿ ಸ್ವಯಂಚಾಲಿತಕ್ಕೆ ಮರಳದೆ ಉಳಿದಿತ್ತು. ಎಚ್ಚರಿಕೆಯ ಶಬ್ದ ಮೊಳಗಿತು. ಪೈಲಟ್‌ಗಳು ಅದನ್ನು ಬೇರೊಂದು ದೋಷದ ಸೂಚನೆಯೆಂದು ತಿಳಿದು ನೆಲದ ಎಂಜಿನಿಯರನೊಡನೆ ಚರ್ಚೆಗಿಳಿದರು. ಚರ್ಚಿಸುತ್ತಲೇ ಬುದ್ಧಿ ಮಂಕಾಯಿತು. ಇಂಧನ ತೀರುವವರೆಗೆ ತಾನೇ ತಾನಾಗಿ ಹಾರಿದ ಆ ವಿಮಾನ ಬಿದ್ದು 121 ಮಂದಿ ಸತ್ತರು. 2018ರ ಸೆಪ್ಟೆಂಬರಿನಲ್ಲಿ ಮುಂಬಯಿಯಿಂದ ಜೈಪುರಕ್ಕೆ ಹೊರಟ ವಿಮಾನದಲ್ಲಿಯೂ ಒತ್ತಡದ ವ್ಯವಸ್ಥೆ ಚಾಲೂ ಆಗದೆ ಹಲವರ ಮೂಗುಕಿವಿಗಳಲ್ಲಿ ರಕ್ತ ಸುರಿಯಿತು. ಸಕಾಲದಲ್ಲಿ ಮುಂಬಯಿಗೆ ಮರಳಿದ್ದರಿಂದ ಎಲ್ಲರೂ ಬದುಕಿದರು. ಮೊದಲು ಮುಖವಾಡ, ಆಮೇಲೆ ಆಲೋಚನೆ ಎಂದು ಪೈಲಟ್‌ಗಳಿಗೆ ಪಾಠ ಹೇಳುವುದು ಇದಕ್ಕಾಗಿ. ಮುಖವಾಡವಿಲ್ಲದೆ ಮಾಡುವ ಆಲೋಚನೆಯ ಮೇಲೆ ಭರವಸೆಯಿಡುವಂತಿಲ್ಲ.

ರಜೆಗೆ ಊರಿಗೆ ಹೊರಡುವ ನಾವೆಲ್ಲ ಇದೇ ಪಾಠದ ಕೊನೆಯ ಸಾಲನ್ನು ಅನೇಕ ಸಲ ಕೇಳಿದ್ದೇವೆ: ನಿಮ್ಮ ಮುಖವಾಡವನ್ನು ಮೊದಲು ಧರಿಸಿ, ಆನಂತರ ಮಗುವಿಗೆ ತೊಡಿಸಿ. ಮಕ್ಕಳಿಗೆ ಉಣಿಸಿಯೇ ತಾನು ಉಣ್ಣುವ ತಾಯಂದಿರಿಗೆ ಈ ಮಾತು ಕಠೋರವೆನಿಸೀತು. ಆದರೆ 35,000 ಅಡಿಯಲ್ಲಿ ತಾಯಿಗೆ ಉಳಿದಿರುವುದು ಅರ್ಧ ನಿಮಿಷ. ಅದು ಕಳೆದ ಮೇಲೆ ಮಗುವಿಗೆ ನೆರವಾಗಲು ಆಕೆಯಿಂದಾಗದು. ಆಕೆ ಮುಖವಾಡ ಧರಿಸಿದ್ದರೆ, ಎಚ್ಚರ ತಪ್ಪಿದ ಮಗುವನ್ನೂ ಉಳಿಸಿಕೊಳ್ಳಬಲ್ಲಳು. ಝೆನಿತ್‌ನ ಇಬ್ಬರಿಗೆ ತಡವಾಗಿ ತಲುಪಿದ ಪತ್ರದ ಒಕ್ಕಣೆಯನ್ನೇ ಗಗನಸಖಿ ಪ್ರತಿ ಹಾರಾಟದಲ್ಲಿಯೂ ನಮಗೆ ಹೊತ್ತಿಗೆ ಮುಂಚೆ ಓದಿ ಹೇಳುತ್ತಾಳೆ. ಮುಂದಿನ ಸಲ ಒಂದು ನಿಮಿಷ ಫೋನನ್ನು ಬದಿಗಿಟ್ಟು ಕೇಳೋಣ.