ಮ್ಯಾಲೂ ಕೋಟೆ, ಕೆಳಗೂ ಕೋಟೆ

ಬಾದಾಮಿಯ ಉತ್ತರ ಕೋಟೆಯ ಬಂಡೆ ಮೇಲೊಂದು ಶಾಸನ ಐತಿ. ಶಕ 465, ಅಂದ್ರ ಕ್ರಿ.ಶ. 543. ಚಲಿಕ್ಯ ವಲ್ಲಭೇಶ್ವರ, ಅಂದರೆ ಒಂದನೆಯ ಪುಲಿಕೇಶಿ, ವಾತಾಪಿಯ ಬೆಟ್ಟವನ್ನು ಮೇಲಿನಿಂದಲೂ ಕೆಳಗಿನಿಂದಲೂ ವೈರಿಗಳಿಗೆ ದಕ್ಕದ ಕೋಟೆ ಮಾಡಿದ ಅನ್ನೋದು ಅದರ ಸಾರ. ಊರಿನ ಗುಟ್ಟೆಲ್ಲ ಆ ಮೇಲೆ-ಕೆಳಗೆ ಅನ್ನೋದರೊಳಗ ಐತಿ.

ಈ ಊರನ್ನ ಆಟದ ನಕ್ಷೆಯಾಗಿ ಬರೀಬೇಕಂದ್ರ? ಮೇಜಿನ ಸುತ್ತ ಕೂತು, ಒಬ್ಬೊಬ್ಬರು ಒಂದೊಂದು ಪಾತ್ರವಾಗಿ, ದಾಳ ಉರುಳಿಸುತ್ತ ಕತೆ ಬೆಳೆಸುವ ಆಟಗಳಿವೆಯಲ್ಲ, ಅವಕ್ಕೆ ನಕ್ಷೆ ಬೇಕೇ ಬೇಕು. ಈಗ ಅದನ್ನ ಬರೆಯೋಕೆ ಸಾಫ್ಟ್‌ವೇರ್‌ಗಳೂ ಬಂದಾವ.

ಅದರ ವಂಶ ಹುಡುಕಿದರೆ ನಮ್ಮ ಚದುರಂಗದ ಮಣೆಗೇ ಬಂದು ನಿಲ್ಲುತ್ತೇವೆ. ಚದುರಂಗ ಯುರೋಪಿಗೆ ಹೋಗಿ ಚೆಸ್ ಆಯ್ತು. 1780ರಲ್ಲಿ ಜರ್ಮನಿಯ ಹೆಲ್‌ವಿಗ್ ಅದರ ಮಣೆಯನ್ನ 1,600ಕ್ಕೂ ಹೆಚ್ಚು ಮನೆಗಳಿಗೆ ಹಿಗ್ಗಿಸಿ ಬಣ್ಣ ಹಚ್ಚಿದ. ಕೆಂಪು ಅಂದ್ರ ಬೆಟ್ಟ, ನೀಲಿ ಅಂದ್ರ ನೀರು. 1824ರಲ್ಲಿ ಪ್ರಶ್ಯಾದ ಸೇನಾಧಿಕಾರಿ ರೈಸ್‌ವಿಟ್ಸ್ ಮನೆಗಳನ್ನೇ ಬಿಟ್ಟು, 1:8000 ಅಳತೆಯ ನಿಜವಾದ ಭೂಪಟದ ಮೇಲೆ ಯುದ್ಧದಾಟ ಆಡಿಸಿದ. 1974ರಲ್ಲಿ ಅಮೆರಿಕದ ಗ್ಯಾರಿ ಗೈಗ್ಯಾಕ್ಸ್, ಡೇವ್ ಆರ್ನೆಸನ್ ಜೋಡಿಯ 'ಡಂಜನ್ಸ್ ಅಂಡ್ ಡ್ರಾಗನ್ಸ್' ಬಂತು. ಆಟಗಾರರ ಕೈಗೆ ಶಾಲೆಯ ಗ್ರಾಫ್ ಹಾಳೆ ಬಂತು. 1993ರಲ್ಲಿ ಬ್ರಿಟನ್ನಿನ ಪ್ರೋಫ್ಯಾಂಟಸಿ ಕಂಪನಿ 'ಕ್ಯಾಂಪೇನ್ ಕಾರ್ಟೋಗ್ರಾಫರ್' ತಂದು ಆ ಹಾಳೆಯನ್ನ ಕಂಪ್ಯೂಟರಿಗೆ ಏರಿಸಿತು.

ಹಾಳೆ ಹೋಯ್ತು, ಹಾಳೆಯ ಬುದ್ಧಿ ಉಳೀತು. ಗ್ರಾಫ್ ಹಾಳೆಯಲ್ಲಿ ನೆಲಮಾಳಿಗೆಯ ಒಂದೊಂದು ಅಂತಸ್ತಿಗೆ ಒಂದೊಂದು ಪುಟ. ಮೇಲಿನ ಪುಟದಲ್ಲಿ ನಿಂತವನಿಗೆ ಕೆಳಗಿನ ಪುಟ ಕಾಣೋದಿಲ್ಲ. ಬಾದಾಮಿಯಲ್ಲಿ ಆಗೋದು ಇದರ ಉಲ್ಟಾ. ಉತ್ತರಕ್ಕೊಂದು ಕೆಂಪು ಮರಳುಗಲ್ಲಿನ ಗುಡ್ಡ, ದಕ್ಷಿಣಕ್ಕೊಂದು, ನಡುವೆ ಅಗಸ್ತ್ಯತೀರ್ಥ. ಸೀಳುಬಂಡೆಯ ಸಂದಿಯಾಗಿನ ಮೆಟ್ಟಿಲು ಹತ್ತಿ ಮ್ಯಾಲೆ ಹೋದವ ಇಡೀ ಊರನ್ನ ನೋಡತಾನ, ಬೇಕಾದ್ರ ಕಲ್ಲೂ ಉರುಳಿಸತಾನ. ಕೆಳಗಿದ್ದವನಿಗೆ ಮಾತ್ರ ಅವ ಕಾಣೋದಿಲ್ಲ. ಕೋಟೆಯ ಬಲ ಗೋಡೆಯಲ್ಲಿಲ್ಲ, ಈ ಎತ್ತರದ ವ್ಯತ್ಯಾಸದಲ್ಲಿದೆ.

ಹಾಗಾಗಿ ಸಾಫ್ಟ್‌ವೇರಿನ ಚಿತ್ರಗಳಲ್ಲಿ ಯುರೋಪಿನ ಬುರುಜು, ಪೈನ್ ಮರಗಳೇ ತುಂಬಿವೆ. ನಮ್ಮ ಅಗಸಿ, ಹುಡೇವು, ಹೊಂಡ ಇಲ್ಲ ಅನ್ನೋದು ಸಣ್ಣ ತಕರಾರು. ಅವನ್ನು ನಾವೇ ಬರೆದು ಸೇರಿಸಬಹುದು. ದೊಡ್ಡ ತಕರಾರು, ನಾವು ಊರನ್ನ ಯೋಚಿಸುವ ರೀತಿಯೇ ಚಪ್ಪಟೆಯಾಗೋದು. ಬಾದಾಮಿ ಬರೆಯುವವರು ಚೌಕ ಎಳೆಯೋ ಮೊದಲು, ಪಕ್ಕದಿಂದ ನೋಡಿದಂಗ ಎರಡು ಗುಡ್ಡ, ನಡುವಿನ ನೀರು ಬರೀಲಿ. ಯಾರು ಯಾರಿಗೆ ಕಾಣತಾರ ಅನ್ನೋದನ್ನ ಗುರುತು ಹಾಕಲಿ.

ಯಾಕಂದ್ರ, ದಕ್ಕೋದಿಲ್ಲ ಅಂತ ಕೆತ್ತಿಸಿದ ಕೋಟೆ ನೂರು ವರ್ಷದ ಸುಮಾರಿಗೆ ದಕ್ಕಿಬಿಡ್ತು. 642ರ ಹೊತ್ತಿಗೆ ಪಲ್ಲವರ ನರಸಿಂಹವರ್ಮ ವಾತಾಪಿ ಗೆದ್ದ. ಅವನ ಶಾಸನವೂ ಬಾದಾಮಿಯ ಬಂಡೆ ಮೇಲೇ ಐತಿ. ಎರಡೂ ಬರಹ ಒಂದೇ ಊರಾಗ. ಅವೆರಡರ ನಡುವೆ ಏನಾಯ್ತು, ಎಲ್ಲಿಂದ ಹತ್ತಿದ್ರು, ಯಾರ ಕಣ್ಣು ತಪ್ಪಿಸಿದ್ರು? ಆಟ ಹುಟ್ಟೋದೇ ಅಲ್ಲಿ. ಚಪ್ಪಟೆ ನಕ್ಷೆ ಮುಂದಿಟ್ಟುಕೊಂಡು ಕೂತವರಿಗೆ ಆ ಪ್ರಶ್ನೆಯೂ ಹೊಳೆಯೋದಿಲ್ಲ.